ಡೇಟ್ ಬಾರ್ ಆದ ಬ್ಯಾರೇಜ್

ನಮ್ಮ ಮನೆಯಲ್ಲಿ ನಗುವ ಪ್ರಸಂಗಗಳಿಗೆ ಕೊರತೆಯಿಲ್ಲ. ಆದರೆ ಅವು ನಡೆಯುವ ಹೊತ್ತಿಗೆ ಯಾರೂ ನಗುವುದಿಲ್ಲ. ಎಲ್ಲರೂ ಹೆದರಿ ಬೆವೆತು ಒಬ್ಬರ ಮುಖ ಒಬ್ಬರು ನೋಡುತ್ತಾ ಕುಳಿತಿರುತ್ತೇವೆ. ನಗು ಬರುವುದು ಎಲ್ಲಾ ಮುಗಿದ ಮೇಲೆ.

ನಾನು ಜಮಖಂಡಿಯಲ್ಲಿ ಮನೆಯಲ್ಲೇ ಕೇಕ್ ಮಾಡಿ ಕೊಡುತ್ತೇನೆ. ಈಗ ಬರೀ ಗುಂಡನೆಯ ಕೇಕ್ ಯಾರಿಗೂ ಬೇಡ, ಅದರ ಮೇಲೊಂದು ಕಥೆ ಇರಬೇಕು. ಮಹಾಲಿಂಗಪುರದ ಬೆಲ್ಲದ ವ್ಯಾಪಾರಿಗೆ ಬೆಲ್ಲದ ಪೆಂಟೆಯಂಥ ಕೇಕ್, ಬನಹಟ್ಟಿಯ ಮದುಮಗಳಿಗೆ ಸೀರೆಯ ಸೆರಗಿನಂಥ ಕೇಕ್ ಮಾಡಿದ್ದೇನೆ. ಮುಧೋಳದವರೊಬ್ಬರಿಗೆ ಅವರೂರಿನ ಬೇಟೆನಾಯಿಯ ಕೇಕ್ ಮಾಡಿ ಕೊಟ್ಟಾಗ, ಅವರು ಬಹಳ ಹೊತ್ತು ನೋಡಿ, "ಕುರಿ ಛಲೋ ಬಂದೈತ್ರಿ" ಅಂದು ಹೋದರು. ಅದನ್ನೂ ಸಹಿಸಿಕೊಂಡೆ. ಆದರೆ ನಮ್ಮ ಮಾವನವರ ಹುಟ್ಟುಹಬ್ಬಕ್ಕೆ ಮಾಡಿದ ಚೀಸ್‌ಕೇಕ್ ನನ್ನ ಜೀವವನ್ನೇ ಬಾಯಿಗೆ ತಂದಿತ್ತು.

ಫ್ರಿಜ್ಜಿನ ಹಿಂದಿನ ಮೂಲೆ

ಮಾವನವರಿಗೆ ಎಪ್ಪತ್ತೈದು ತುಂಬುವುದಿತ್ತು. ಮೈಯಲ್ಲಿ ಕಸುವಿದ್ದ ಕಾಲದಲ್ಲಿ, ಚಿಕ್ಕಪಡಸಲಗಿಯಲ್ಲಿ ರೈತರೇ ಸೇರಿ ಕೃಷ್ಣಾ ನದಿಗೆ ಬ್ಯಾರೇಜ್ ಕಟ್ಟಿದಾಗ ಅಲ್ಲಿ ಬುಟ್ಟಿ ಹೊತ್ತವರು ಅವರು. ಇವತ್ತಿಗೂ ಮಾತು ಎಲ್ಲಿಂದ ಶುರುವಾದರೂ ಬ್ಯಾರೇಜಿಗೇ ಹೋಗಿ ನಿಲ್ಲುತ್ತದೆ. ಹಾಗಾಗಿ ಈ ಸಲ ಬ್ಯಾರೇಜನ್ನೇ ಚೀಸ್‌ಕೇಕಿನಲ್ಲಿ ಕಟ್ಟಬೇಕೆಂದು ನಾನು ಹಟ ಹಿಡಿದೆ.

ಸಾಮಾನಿಗೆ ಚಿಂತೆಯಿರಲಿಲ್ಲ. ಬೀಳಗಿಯ ಒಂದು ನಿಶ್ಚಿತಾರ್ಥಕ್ಕೆಂದು ಬೆಳಗಾವಿಯಿಂದ ಕ್ರೀಮ್ ಚೀಸ್ ತರಿಸಿದ್ದೆ. ಹುಡುಗನ ಕಡೆಯವರು ಕಾರ್ಯ ಮುಂದೆ ಹಾಕಿದರು. ಚೀಸು ಫ್ರಿಜ್ಜಿನ ಹಿಂದಿನ ಮೂಲೆಯಲ್ಲಿ ಉಳಿದಿತ್ತು. ಅದನ್ನು ಹೊರಗೆ ತೆಗೆದಿಟ್ಟು ಬಿಸ್ಕಿಟ್ ಪುಡಿ ಮಾಡುತ್ತಿದ್ದೆ. ಹಿಂದಿನಿಂದ ನಮ್ಮವರ ದನಿ ಬಂತು:

"ಏ! ಇದು ಡೇಟ್ ಬಾರ್ ಆಗೇತಿ!"

ಅವರು ಕೂಗಿದ ರೀತಿಗೆ ನಾನು ಒಳಗೆ ಹಾವು ಬಂತೆಂದು ಸ್ಟೂಲ್ ಹತ್ತಿಬಿಟ್ಟೆ.

ನಮ್ಮವರು ಬನಹಟ್ಟಿಯಲ್ಲಿ ಸೀರೆ ವ್ಯಾಪಾರ ಮಾಡುತ್ತಾರೆ. ಮಗ್ಗದ ಸದ್ದಿಗೆ ಹೆದರದ ಮನುಷ್ಯ ಪ್ಯಾಕೆಟ್ಟಿನ ಮೇಲಿನ ತಾರೀಖಿಗೆ ಹೆದರುತ್ತಾರೆ. ಉಪ್ಪಿನ ಚೀಲವನ್ನೂ ತಿರುಗಿಸಿ ನೋಡುವ ಪೈಕಿ. ಅವರು ಒಂದೊಂದನ್ನೇ ಬೆಳಕಿಗೆ ಹಿಡಿಯುತ್ತಾ ಹೋದರು. ಚೀಸಿನ ತಾರೀಖು ಮೊನ್ನೆ ಮೊನ್ನೆ ದಾಟಿತ್ತು. ಬಿಸ್ಕಿಟ್ಟಿನದು ಅದಕ್ಕಿಂತ ಸ್ವಲ್ಪ ಮುಂಚೆ. ಡಬ್ಬಿಯ ಗಟ್ಟಿ ಹಾಲಿನದೂ ಅಷ್ಟೇ. ನೀಲಿ ಬಣ್ಣದ ಪುಟ್ಟ ಬಾಟಲಿಯ ಮೇಲಂತೂ ಅಕ್ಷರವೇ ಅಳಿಸಿಹೋಗಿತ್ತು.

ಸದ್ದು ಕೇಳಿ ಅತ್ತೆ ಬಂದರು. "ಏನಂತ ಬರದಾರೋ ಅದರ ಮ್ಯಾಲ?"

"ಈ ತಾರೀಖಿನೊಳಗ ತಿಂದ್ರ ಛಲೋ ಅಂತ ಬರದಾರ ಯವ್ವಾ."

"ಆಮ್ಯಾಲ ತಿಂದ್ರ?"

"ಅದನ್ನ ಬರದಿಲ್ಲ."

ಅತ್ತೆ ಪ್ಯಾಕೆಟ್ಟನ್ನು ಒಂದು ಗಳಿಗೆ ನೋಡಿ, "ಅಂದ್ರ ಆಮ್ಯಾಲ ತಿಂದಾವ್ರು ಯಾರೂ ತಿರಗಿ ಬಂದು ಹೇಳಿಲ್ಲ ಅಂದಂಗಾತು" ಅಂದರು.

ಒಂದು ಚಮಚ

ಜಮಖಂಡಿಯ ಅಂಗಡಿಗಳಲ್ಲಿ ಕ್ರೀಮ್ ಚೀಸ್ ಕೇಳಿದರೆ ಪನೀರು ಕೊಡುತ್ತಾರೆ. ಹುಟ್ಟುಹಬ್ಬ ಮರುದಿನವೇ, ಬೆಳಗಾವಿಗೆ ಹೋಗಿ ಬರಲು ಹೊತ್ತಿರಲಿಲ್ಲ. ಚೀಸಿನ ಪೊಟ್ಟಣ ಒಡೆದಿರಲಿಲ್ಲ, ಉಬ್ಬಿರಲಿಲ್ಲ, ತಂದ ದಿನದಿಂದ ತಣ್ಣಗೇ ಇತ್ತು. ಒಡೆದು ಮೂಸಿ ನೋಡಿದೆ, ಹುಳಿ ವಾಸನೆಯಿಲ್ಲ. ಆದರೂ ಮನೆ ಮಂದಿಗೆ ತಿನ್ನಿಸುವುದಕ್ಕೆ ಮುಂಚೆ ನಾನೇ ತಿಂದು ನೋಡಬೇಕು ಅನ್ನಿಸಿತು. ದೇವರ ಜಗಲಿಯ ಕಡೆ ಒಮ್ಮೆ ನೋಡಿ ಒಂದು ಚಮಚ ಬಾಯಿಗೆ ಹಾಕಿಕೊಂಡೆ.

ರುಚಿ ಚೆನ್ನಾಗಿಯೇ ಇತ್ತು. ಆದರೆ ನುಂಗಿದ ಮೇಲೆ ಗಡಿಯಾರ ನೋಡಿಕೊಂಡೆ. ಪಡಸಾಲೆಯಲ್ಲಿ ಗೋಡೆಗೆ ಒರಗಿ ಕುಳಿತು ಹೊಟ್ಟೆಯ ಕಡೆಗೇ ಲಕ್ಷ್ಯ ಕೊಟ್ಟೆ. ಹಾಗೆ ಲಕ್ಷ್ಯ ಕೊಟ್ಟರೆ ಯಾರ ಹೊಟ್ಟೆಯಾದರೂ ಏನಾದರೊಂದು ಮಾತಾಡುತ್ತದೆ. ನನ್ನದು ಗುಡುಗುಡು ಅಂತು. ಬೆಳಿಗ್ಗೆ ರೊಟ್ಟಿಯ ಜೊತೆ ತಿಂದ ಕೆಂಪು ಚಟ್ನಿಯದೋ, ಚೀಸಿನದೋ ಹೇಳುವುದು ಹೇಗೆ?

ಅತ್ತೆ ಬಂದು ಹಣೆಗೆ ವಿಭೂತಿ ಹಚ್ಚಿ ಹೋದರು. ಅದರಿಂದ ಹೆದರಿಕೆ ಇಮ್ಮಡಿಯಾಯಿತು.

ಆಮೇಲೆ ನಮ್ಮವರು ಬಂದು ಪಕ್ಕದಲ್ಲಿ ಕುಳಿತರು. ಮದುವೆಯಾದ ಹೊಸತರಲ್ಲಿ ಹಿಡಿದಂತೆ ನನ್ನ ಕೈ ಹಿಡಿದುಕೊಂಡರು.

"ಹೆಂಗ ಅನಸ್ತೈತಿ?"

"ಆರಾಮ ಅದೀನ್ರಿ."

"ಖರೆ ಹೇಳ. ಕಣ್ಣ ಮುಂದ ಕತ್ತಲಿ ಬರಾಕತ್ತೈತೇನು?"

"ಇಲ್ರೀ."

ನನ್ನ ಕಣ್ಣಲ್ಲಿ ನೀರು ಬಂತು. ಇಷ್ಟು ವರ್ಷದಲ್ಲಿ ಈ ಮನುಷ್ಯ ಇಷ್ಟು ಮೆತ್ತಗೆ ಮಾತಾಡಿದ್ದೇ ಇಲ್ಲ. ಅವರು ಇನ್ನೂ ಮೆತ್ತಗೆ ಅಂದರು: "ಹಂಗೇನ ಆಗೂದಿಲ್ಲ ಬಿಡು. ಆದ್ರೂ... ಗ್ಯಾಸ್ ಬುಕ್ ಮಾಡೂದೆಲ್ಲಾ ನಿನ್ನ ಫೋನಿನ್ಯಾಗ ಐತಿ. ಪಾಸ್‌ವರ್ಡ್ ಒಂದ ಹೇಳಿಬಿಡು."

ನಡುಗುವ ಕೇಕು

ಸಂಜೆಯವರೆಗೆ ನನಗೇನೂ ಆಗಲಿಲ್ಲ. ಮರುದಿನ ನಸುಕಿಗೆ ಎದ್ದು ಕೆಲಸ ಹಿಡಿದೆ. ಬಿಸ್ಕಿಟ್ ಪುಡಿಗೆ ಬೆಣ್ಣೆ ಕಲಸಿ ತಳ ಹಾಸಿದೆ. ತತ್ತಿ ನಮ್ಮ ಮನೆಯ ಹೊಸ್ತಿಲು ದಾಟುವುದಿಲ್ಲ, ಅದಕ್ಕೆ ಬದಲಾಗಿ ಗಟ್ಟಿ ಮೊಸರು ಹಾಕಿ ಚೀಸು ಕಡೆದೆ. ಮೇಲಿನ ನದಿಗೆ ನೀಲಿ ಜೆಲ್ಲಿ ಬೇರೆಯಾಗಿ ಕುದಿಸಿದೆ. ಬಣ್ಣ ಹಳೆಯದು, ಹತ್ತುತ್ತದೋ ಇಲ್ಲವೋ ಎಂದು ನಾಲ್ಕು ಹನಿ ಹೆಚ್ಚೇ ಬಿಟ್ಟೆ.

ಕೇಕ್ ಓವನ್ನಿನೊಳಗೆ ಹೋದ ಸ್ವಲ್ಪ ಹೊತ್ತಿಗೆ ಕರೆಂಟು ಹೋಯಿತು. ಬಾಗಿಲು ತೆರೆದರೆ ಕೇಕ್ ಕುಸಿಯುತ್ತದೆ, ತೆರೆಯದಿದ್ದರೆ ಒಳಗೇನಾಗಿದೆ ಗೊತ್ತಾಗುವುದಿಲ್ಲ. ಓವನ್ನಿನ ಗಾಜಿಗೆ ಟಾರ್ಚ್ ಹಿಡಿದು ನಾನೂ ಅತ್ತೆಯೂ ನೆಲದ ಮೇಲೆ ಕುಳಿತೆವು, ಒಳಗೆ ಯಾರನ್ನೋ ಆಪರೇಷನ್ನಿಗೆ ಕಳಿಸಿದವರ ಹಾಗೆ. ಕರೆಂಟು ಬಂತು. ಮತ್ತೆ ಹೋಯಿತು. ಮತ್ತೆ ಬಂತು. ಕೊನೆಗೂ ಕೇಕ್ ಹೊರಗೆ ತೆಗೆದೆ. ಚೀಸ್‌ಕೇಕ್ ಸರಿಯಾಗಿ ಬೆಂದರೆ ಅಂಚು ಗಟ್ಟಿಯಾಗಿ ನಡುವೆ ಮಾತ್ರ ಸ್ವಲ್ಪ ಅಲುಗಬೇಕು. ತಟ್ಟೆಯನ್ನು ಮೆಲ್ಲಗೆ ತಟ್ಟಿದೆ. ನಡುಭಾಗ ಥರಥರ ಅಂತು.

"ನಡಗಾಕತ್ತೈತಿ ನೋಡ್ರಿ ಅತ್ತಿ!" ಅಂದೆ ಖುಷಿಯಿಂದ.

ಅತ್ತೆ ಹಿಂದೆ ಸರಿದರು. "ನಡಗಲಾರದ ಏನ ಮಾಡೀತು ಪಾಪ. ತನ್ನೊಳಗ ಏನೇನ ಹಾಕ್ಯಾರ ಅನ್ನೂದು ಅದಕ್ಕ ಗೊತ್ತೈತಲ್ಲ."

ಗೇಟು ತೆಗೆಯುವವರು

ಮಧ್ಯಾಹ್ನ ಪಡಸಾಲೆಯಲ್ಲಿ ಬ್ಯಾರೇಜ್ ಎದ್ದು ನಿಂತಿತು. ಬಿಸ್ಕಿಟ್ಟಿನ ಕಂಬಗಳು, ಚಾಕಲೇಟಿನ ಗೇಟುಗಳು, ಒಂದು ಕಡೆ ತುಂಬಿದ ನೀಲಿ ಹಿನ್ನೀರು. ಓಣಿಯ ನಾಲ್ಕು ಮನೆಯವರು ಬಂದಿದ್ದರು. ಮಾವನವರ ಜೊತೆ ಆಗ ಬುಟ್ಟಿ ಹೊತ್ತ ಹಳೆಯ ಗೆಳೆಯರೊಬ್ಬರು ಚಿಕ್ಕಪಡಸಲಗಿಯಿಂದ ಬಂದಿದ್ದರು.

ಮಾವನವರು ಕನ್ನಡಕ ಹಾಕಿಕೊಂಡು ಕೇಕಿನ ಸುತ್ತ ಒಂದು ಸುತ್ತು ಹೊಡೆದರು. ಒಂದು ಬಿಸ್ಕಿಟ್ ಕಂಬದ ಮೇಲೆ ಬೆರಳಿಟ್ಟರು. "ಇಲ್ಲೇ... ಇಲ್ಲೇ ನನ್ನ ಕಾಲ ಜಾರಿತ್ತು ನೋಡು. ಇಂವಾ ನನ್ನ ರಟ್ಟಿ ಹಿಡದು ಎಳಕೊಂಡಾ" ಅಂದರು. ಗೆಳೆಯರು ತಲೆ ಆಡಿಸಿದರು. ಇಬ್ಬರೂ ಧೋತರದ ಚುಂಗಿನಿಂದ ಕಣ್ಣು ಒರೆಸಿಕೊಂಡರು. ನನ್ನ ಎದೆ ತುಂಬಿ ಬಂತು. ಇದಕ್ಕಾಗಿ ಒಂದು ಚಮಚವಲ್ಲ, ಒಂದು ಬಟ್ಟಲು ತಿಂದಿದ್ದರೂ ಸರಿಯೇ ಅನ್ನಿಸಿತು.

ಚಾಕು ಕೊಟ್ಟೆ. ಮಾವನವರು ಚಾಕು ನೋಡಿದರು, ಬ್ಯಾರೇಜ್ ನೋಡಿದರು, ನನ್ನನ್ನು ನೋಡಿದರು.

"ಏನ ಮಾಡಂತಿ?"

"ಕಟ್ ಮಾಡ್ರಿ ಮಾವಾರ."

"ಹುಚ್ಚಿ ಅದಿಯೇನು? ನಾವ ಕಟ್ಟಿದ ಬ್ಯಾರೇಜ್ ನಾವ ಒಡಿಯೂದ?"

ಎಲ್ಲರೂ ಹೇಳಿ ನೋಡಿದರು. ಕೇಳಲಿಲ್ಲ. ಹೊರಗೆ ಬಿಸಿಲು, ಜೆಲ್ಲಿ ಬೆವರುತ್ತಿತ್ತು. ಹೊತ್ತು ಹೋದಷ್ಟೂ ಕೇಕ್ ಕೆಡುತ್ತದೆ ಎಂದು ನಾನೂ ಬೆವರುತ್ತಿದ್ದೆ. ಅಷ್ಟರಲ್ಲಿ ಗೇಟಿನ ಪಕ್ಕದಲ್ಲಿ ಸಣ್ಣದೊಂದು ಬಿರುಕು ಕಾಣಿಸಿ, ನೀಲಿ ನೀರು ತಟ್ಟೆಗೆ ಹರಿಯತೊಡಗಿತು.

"ಒಡೀತೋ!" ಎಂದು ಗೆಳೆಯರು ಕೂಗಿದ್ದೇ ತಡ, ಮಾವನವರು ಅಂಗಿಯ ತೋಳು ಮೇಲೇರಿಸಿದರು. "ಏ, ನಿಂತ ಏನ ನೋಡ್ತೀರಿ? ಹಿನ್ನೀರ ಕಡಿಮಿ ಮಾಡ್ರಿ! ಚಮಚಾ ತಗೋರಿ!"

ಐದು ನಿಮಿಷದಲ್ಲಿ ಓಣಿಯವರೆಲ್ಲ ಸೇರಿ ಹಿನ್ನೀರು ಕುಡಿದು, ಗೇಟು ತಿಂದು, ಕಂಬಗಳನ್ನೂ ಮುಗಿಸಿದರು. ತಳವನ್ನು ತುಂಡು ಮಾಡಿ ಹಂಚಿದೆ. ಹಿಂದಿನ ಓಣಿಯ ನಮ್ಮ ಡಾಕ್ಟರರಿಗೂ ಅವರ ನರ್ಸ್‌ಬಾಯಿಗೂ ತಟ್ಟೆಗೆ ಹರಿದಿದ್ದ ನೀಲಿ ಜೆಲ್ಲಿಯನ್ನೂ ಬಳಿದು ಹಾಕಿ ಒಂದು ಡಬ್ಬಿ ಕಳಿಸಿದೆ. ನಮ್ಮವರು ಮಾತ್ರ ಬಡಿಸುವ ನೆಪದಲ್ಲಿ ತಿರುಗಾಡುತ್ತಾ ಹತ್ತಿರ ಬರಲಿಲ್ಲ.

ಮಾವನವರು ಖಾಲಿ ತಟ್ಟೆ ನೋಡಿ ನಿಟ್ಟುಸಿರು ಬಿಟ್ಟರು. "ಕಟ್ಟಾಕ ವರ್ಷ ಹಿಡದಿತ್ತು. ಇವ್ರ ಕೈಯಾಗ ಒಂದ ಗಳಿಗಿ ಬಾಳಲಿಲ್ಲ ನೋಡು."

ನೀಲಿ ನಾಲಿಗೆ

ಬಂದವರು ಉಂಡು ಹೋದ ಮೇಲೆ ಮನೆಯವರೂ ಅಡ್ಡಾದರು. ನಾಲ್ಕರ ಹೊತ್ತಿಗೆ ಚಹಾಕ್ಕೆ ನೀರಿಡುತ್ತಿದ್ದೆ. ಪಡಸಾಲೆಯಿಂದ ಅತ್ತೆಯ ಚೀರಾಟ ಕೇಳಿತು.

ಮಾವನವರು ಎದ್ದು ಬಾಯ್ತುಂಬ ಆಕಳಿಸಿದ್ದರು. ಬಾಯಿ ಒಳಗೆಲ್ಲ ನೀಲಿ. ನಾಲಿಗೆ ನೀಲಿ, ತುಟಿಯ ಅಂಚು ನೀಲಿ. "ವಿಷ ಏರೇತಿ! ನಾಲಿಗಿ ನೀಲಿ ಆಗೇತಿ!" ಎಂದು ಅತ್ತೆ ಎದೆ ಬಡಿದುಕೊಳ್ಳುತ್ತಿದ್ದರು. ಬಡಿದುಕೊಳ್ಳುವಾಗ ತೆರೆದ ಅವರ ಬಾಯಿಯೂ ನೀಲಿ. ನಾನು ಕನ್ನಡಿಗೆ ಓಡಿದೆ. ನನ್ನದೂ ನೀಲಿ.

ಆ ಹೊತ್ತಿಗೆ ನನಗೆ ಬಣ್ಣದ ಬಾಟಲಿ ನೆನಪಾಗಲಿಲ್ಲ. ನೆನಪಾದದ್ದು ತಿಂದವರ ಮುಖಗಳು. ಪಕ್ಕದ ಮನೆಯ ಬಸುರಿ ಹೆಣ್ಣುಮಗಳು, ಎದುರು ಮನೆಯ ಮಕ್ಕಳು, ಆ ಮುದುಕ ಗೆಳೆಯರು. ನಮ್ಮವರು ನಮ್ಮ ಮೂವರನ್ನೂ ಎಳೆದು ಕಾರಿಗೆ ಹಾಕಿದರು. ಡಾಕ್ಟರ ದವಾಖಾನೆ ಹಿಂದಿನ ಓಣಿಯಲ್ಲೇ ಇದ್ದರೂ ಗಾಬರಿಯಲ್ಲಿ ಕಾರನ್ನು ಊರೆಲ್ಲ ಸುತ್ತಿಸಿದರು. ಅತ್ತೆ ಕಣ್ಣು ಮುಚ್ಚಿ ದೇವರ ಹೆಸರು ಹೇಳುತ್ತಿದ್ದರು. ಮಾವನವರೊಬ್ಬರೇ ಸಮಾಧಾನದಲ್ಲಿದ್ದರು. "ಹೆಂಗೂ ಕಾರ ತಗದೀಯಲ್ಲ, ಬ್ಯಾರೇಜ್ ಮ್ಯಾಲಿಂದ ಒಮ್ಮಿ ಹಾಯಿಸಿ ಒಯ್ಯೋ" ಅಂದರು.

ದವಾಖಾನೆಯಲ್ಲಿ ಡಾಕ್ಟರು ಒಳಕೋಣೆಯಲ್ಲಿ ಬಾಗಿಲು ಮುಂದೆ ಮಾಡಿಕೊಂಡು ಕುಳಿತಿದ್ದರು. ನುಗ್ಗಿ ಹೋಗಿ ಮೂವರೂ ಒಟ್ಟಿಗೆ ನಾಲಿಗೆ ಚಾಚಿದೆವು. ಡಾಕ್ಟರು ನೋಡಿದರು. ಗೋಡೆಗೆ ಒರಗಿದರು. "ನಿಮಗೂ ಆತ?" ಎಂದು ತಾವೂ ನಾಲಿಗೆ ಚಾಚಿದರು. ನೀಲಿ! ಬಾಗಿಲಲ್ಲಿ ನಿಂತಿದ್ದ ನರ್ಸ್‌ಬಾಯಿ ನಾಚುತ್ತಾ ತಮ್ಮದನ್ನೂ ತೋರಿಸಿದರು.

"ಮಧ್ಯಾಹ್ನದಿಂದ ಪೇಷಂಟರ ಮುಂದ ಬಾಯಿ ತಗದಿಲ್ರಿ. ಇಬ್ರೂ ಒಬ್ಬರದೊಬ್ರು ಬಿಪಿ ನೋಡ್ಕೊಂತ ಕುಂತೀವಿ. ಆ ಕೇಕಿನ್ಯಾಗ ಏನ ಹಾಕಿದ್ರಿ ನೀವು?" ಅಂದರು ಡಾಕ್ಟರು.

ಆಗ ನನಗೆ ಬಾಟಲಿ ನೆನಪಾಯಿತು. ಬಣ್ಣ ಹೆಚ್ಚು ಹಾಕಿದ್ದನ್ನು ಹೇಳಿದೆ. ಡಾಕ್ಟರು ಹತ್ತಿ ತಂದು ಮಾವನವರ ನಾಲಿಗೆ ಉಜ್ಜಿ ನೋಡಿದರು. ಹತ್ತಿ ನೀಲಿಯಾಯಿತು, ನಾಲಿಗೆ ಕೆಂಪಗೆ ಇಣುಕಿತು. ಎಲ್ಲರೂ ಒಟ್ಟಿಗೆ ಉಸಿರು ಬಿಟ್ಟೆವು. ಡಾಕ್ಟರ ಮುಖಕ್ಕೆ ಡಾಕ್ಟರ ಕಳೆ ಬಂತು.

"ಬರೀ ಬಣ್ಣ. ಯಾರಿಗೂ ಏನೂ ಆಗಿಲ್ಲ. ಇವ್ರದೊಂದ ನೋಡಿಬಿಡ್ತೇನಿ" ಎಂದು ನಮ್ಮವರ ಕಡೆ ತಿರುಗಿದರು. ನಮ್ಮವರು ಬಾಯಿ ತೆರೆದರು. ಅಷ್ಟು ನೀಲಿಯ ನಡುವೆ ಅವರದೊಂದೇ ಬಿಳಿಚಿದ ಗುಲಾಬಿ. ನರ್ಸ್‌ಬಾಯಿ ಗಾಬರಿಯಾಗಿ, "ಅಯ್ಯ, ಇವರದ್ಯಾಕ ಹಿಂಗಾಗೇತ್ರಿ?" ಅಂದುಬಿಟ್ಟರು.

ಅಷ್ಟೇ ಸಾಕಾಯಿತು. ನಮ್ಮವರು ಕಡಿದ ಕಬ್ಬಿನ ಹಾಗೆ ಅಡ್ಡ ಬಿದ್ದರು.

ಎತ್ತಿ ಮಂಚದ ಮೇಲೆ ಹಾಕಿದೆವು. ಡಾಕ್ಟರು ಬಿಪಿ ನೋಡಿ, "ಪೂರಾ ಇಳದೈತಿ. ಏನ ತಿಂದಾರ ಇವತ್ತ?" ಅಂದರು.

ನಮ್ಮವರೇ ಕಣ್ಣು ಮುಚ್ಚಿಕೊಂಡು ಹೇಳಿದರು: "ಏನೂ ತಿಂದಿಲ್ರಿ. ನಿನ್ನಿಂದ. ಆ ಚೀಸ್ ಹಾಕಿದ್ದ ಭಾಂಡೇದಾಗನ ಅಡಗಿ ಮಾಡ್ಯಾಳೇನೋ ಅಂತ ಹೆದರಿ..."

ಡಾಕ್ಟರು ಸಲಾಯಿನ್ ಹಚ್ಚಿದರು. ಅಷ್ಟರಲ್ಲಿ ಸುದ್ದಿ ಹೇಗೋ ಮುಧೋಳ ಮುಟ್ಟಿತ್ತು. ಅಲ್ಲಿರುವ ನಾದಿನಿ ಅಳುತ್ತಾ ಫೋನ್ ಮಾಡಿದಳು. ಅತ್ತೆ ಫೋನನ್ನು ದೂರ ಹಿಡಿದುಕೊಂಡರೂ ಅವಳ ದನಿ ದವಾಖಾನೆಗೆಲ್ಲ ಕೇಳುತ್ತಿತ್ತು: "ಯವ್ವಾ, ಅಣ್ಣಾ ಕೇಕ್ ತಿಂದು ದವಾಖಾನಿ ಸೇರ್ಯಾನಂತ? ಖರೇನ?"

ಅತ್ತೆ ಮಂಚದ ಮೇಲಿದ್ದ ಮಗನನ್ನು ನೋಡಿದರು, ಆರಾಮವಾಗಿ ಚಹಾ ಕುಡಿಯುತ್ತಾ ಕುಳಿತಿದ್ದ ನಮ್ಮನ್ನೆಲ್ಲ ನೋಡಿದರು.

"ಕೇಕ್ ತಿಂದಾವ್ರೆಲ್ಲಾ ಇಲ್ಲೇ ಚಹಾ ಕುಡ್ಯಾಕತ್ತೇವಿ ಬೇ" ಅಂದರು. "ನಿಮ್ಮಣ್ಣ ತಿನ್ನಲಾರದ ದವಾಖಾನಿ ಸೇರ್ಯಾನ."