ನೀರು ಕೇಳದ ಗಿಡ

ವಾರ್ಡಿನ ಮೆಂಬರ್ ನೌಬಾದದ ಒಂದು ಓಣಿಯ ನಳದ ನೀರನ್ನು ತನ್ನ ಹೊಸ ಫಂಕ್ಷನ್ ಹಾಲಿಗೆ ತಿರುಗಿಸಿಕೊಂಡ.

ಓಣಿಯವರು ಬೇಸಿಗೆಯುದ್ದಕ್ಕೂ ಅರ್ಜಿ ಕೊಟ್ಟ ಮೇಲೆ, ಅಧಿಕಾರಿಯೊಬ್ಬರು ಬಂದು ನೋಡುವುದೆಂದಾಯಿತು. ಓಣಿ ಒಣಗಿದೆಯೆಂದು ಅವರು ಒಪ್ಪಿದರೆ ಟ್ಯಾಂಕರ್. ಇಲ್ಲವಾದರೆ ಅದೂ ಇಲ್ಲ.

ಆ ದಿನ ಬೆಳಿಗ್ಗೆಯೇ, ಅರ್ಜಿ ಹಿಡಿದು ಓಡಾಡಿದ್ದ ಮಕ್ಬೂಲ ಖಾಲಿ ಕೊಡಗಳನ್ನೆಲ್ಲ ಬಾಗಿಲಿಗೆ ತರಿಸಿದ, ಹಗ್ಗದ ಮೇಲಿನ ಬಟ್ಟೆ ಇಳಿಸಿದ. ಪಕ್ಕದ ಮನೆಯ ಗಿರಿಜಾಬಾಯಿ ತನ್ನ ಅಂಗಳದ ಕೊತ್ತಂಬರಿ ಕಿತ್ತು ಮಂಚದ ಕೆಳಗೆ ಅಡಗಿಸಿದಳು. ಬರಗಾಲದ ತಯಾರಿ ಮದುವೆಮನೆಗಿಂತ ಜೋರಾಗಿತ್ತು. ಅಂಥದರಲ್ಲಿ ನಿವೃತ್ತ ಡ್ರಾಯಿಂಗ್ ಮಾಸ್ತರ ಎಬನೇಜರ ತೊಳೆದ ಮುಖದಲ್ಲಿ ಹೊರಗೆ ಬಂದರು.

"ಮಾರಿ ತೊಳ್ಕೊಂಡೀರೇನ್ರಿ ಮಾಸ್ತರ? ಸಾಹೇಬ್ರು ನೋಡಿದರ ಏನ್ ಅಂತಾರ?" ಎಂದ ಮಕ್ಬೂಲ.

ಅಕ್ಕಿ ತೊಳೆದ ನೀರೆಂದು ಮಾಸ್ತರರು ಹೇಳುವಷ್ಟರಲ್ಲಿ ಅವನ ಕಣ್ಣು ಕಟ್ಟೆಯ ಮೇಲಿನ ಸೇಜ್ ಎಂಬ ಔಷಧಿ ಗಿಡದ ಮೇಲೆ ಬಿತ್ತು. ಹೆಂಡತಿ ಲೂಸಿಯ ಗಂಟಲುನೋವಿಗೆಂದು ಮಾಸ್ತರರು ಹೈದರಾಬಾದಿನಿಂದ ತಂದದ್ದು. ಮರಳು, ಇಟ್ಟಿಗೆಚೂರು ಬೆರೆಸಿದ ಮಣ್ಣು. ಬೆರಳಿಟ್ಟು ನೋಡಿ, ಒಣಗಿದ್ದರಷ್ಟೇ ಅರ್ಧ ಲೋಟ ನೀರು. ಹೆಚ್ಚಾದರೆ ಬೇರು ಕೊಳೆಯುತ್ತದೆ. ಬೆಕ್ಕಿನಮರಿ ಕಿವಿಯಂಥ ಬೂದುಹಸಿರು ಎಲೆ ಹೊತ್ತು ಅದು ಉಂಡು ಕೂತ ಸಾಹುಕಾರನಂತೆ ಹರಡಿಕೊಂಡಿತ್ತು.

ಮಕ್ಬೂಲ ಅದಕ್ಕೆ ಗೋಣಿಚೀಲ ಹೊದಿಸಿದ. ಬಿಸಿಲಿಲ್ಲದೆ ಕಮರುತ್ತದೆಂದು ಮಾಸ್ತರರು ಚೀಲ ಕಿತ್ತೆಸೆದರು. ಗಿರಿಜಾಬಾಯಿ ಕುಂಡವನ್ನೇ ಬಚ್ಚಲಿಗೆ ಒಯ್ದಳು. ಗಾಳಿಯಿಲ್ಲವೆಂದು ಮಾಸ್ತರರು ಹೊರಗೆ ತಂದರು. ಮೂವರೂ ಕುಂಡ ಹಿಡಿದು ಓಣಿಯ ನಡುವೆ ಜಗ್ಗಾಡುತ್ತಿರುವಾಗಲೇ ಜೀಪು ಬಂತು.

ಅಧಿಕಾರಿ ಕೊಡಗಳತ್ತ ತಿರುಗಲೂ ಇಲ್ಲ. ನೀರಿಲ್ಲದ ಓಣಿಯಲ್ಲಿ ಇದು ಹ್ಯಾಗೆ ಬಂತೆಂದು ಗಿಡ ತೋರಿಸಿ ಕೇಳಿದರು.

"ಇದಕ್ಕ ನೀರು ಬ್ಯಾಡ್ರಿ ಸಾಹೇಬ್ರ," ಎಂದರು ಮಾಸ್ತರರು. "ಮಣ್ಣು ಒಣಗಿದರೇ ಚಲೋ ಬೆಳೀತದ."

ಓಣಿ ಉಸಿರು ಬಿಟ್ಟಿತು. ಮಾಸ್ತರರು ಬಹಳ ತಿಳಿದವರೆಂದು ಮಕ್ಬೂಲನೂ ದನಿಗೂಡಿಸಿದ. ಅಧಿಕಾರಿಯ ಮುಖ ಅರಳಿತು.

"ಗಿಡಕ್ಕ ಆಗೂದು ಮನುಷ್ಯಾರಿಗೆ ಯಾಕ ಆಗಲ್ರಿ?"

ಟ್ಯಾಂಕರ್ ರದ್ದಾಯಿತು. ಇನ್ನು ಇದು ನೀರು ಉಳಿಸುವ ಮಾದರಿ ಓಣಿ. ಮನೆಗೊಂದು ಸೇಜ್ ಗಿಡ ಪುಕ್ಕಟೆ. ಕಡಿಮೆ ನೀರಿನಲ್ಲಿ ಬದುಕುವುದನ್ನು ಮಾಸ್ತರರೇ ಎಲ್ಲರಿಗೂ ಕಲಿಸತಕ್ಕದ್ದು ಎಂದು ಅಧಿಕಾರಿ ಅಲ್ಲೇ ಬರೆಸಿದರು.

ಮಕ್ಬೂಲ ಮಾಸ್ತರರ ಹತ್ತಿರ ಬಂದು ಮೆಲ್ಲಗೆ ಹೇಳಿದ: "ನಮಗೂ ಬೆರಳಿಟ್ಟು ನೋಡ್ರಿ ಮಾಸ್ತರ, ಒಣಗೀವೇನಂತ."

ಅಷ್ಟರಲ್ಲಿ ಅಧಿಕಾರಿ ತಮ್ಮ ಮೊಬೈಲ್ ಎತ್ತಿ ಹಿಡಿದರು.

"ಕುಂಡ ಎತ್ಕೊಂಡು ನಗ್ರಿ ಮಾಸ್ತರ. ಫೋಟೋ ಮ್ಯಾಲಿನವರಿಗೆ ಕಳಿಸಬೇಕು."

ಎಬನೇಜರ ಕುಂಡವನ್ನು ಅಧಿಕಾರಿಯ ಕಾಲ ಬಳಿ ಇಟ್ಟರು.

"ಗಿಡದ್ದು ಹೊಡ್ಕೋರಿ. ನಾ ನಿಂದ್ರಂಗಿಲ್ಲ."