ಮೊದಲ ಓಟಿನ ವಿರೂಪಾಕ್ಷಪ್ಪನವರು

"ಮಂಗಳವಾರ ಮುಂಜಾನಿ ಏಳಕ್ಕ ಬೂತಿನ ಬಾಗಿಲಾ ತೆಗೀತೈತಿ. ಏಳೂ ಒಂದಕ್ಕ ಮೊದಲನೇ ಓಟು ಬೀಳ್ತೈತಿ. ಅದು ನಂದು! ಬೇಕಿದ್ರ ಗ್ವಾಡಿ ಮ್ಯಾಲೆ ಬರದಿಟ್ಕೊಳ್ರಿ!"

ಬಳ್ಳಾರಿಯ ಕೌಲ್ ಬಜಾರಿನ ಒಂದು ಓಣಿಯಲ್ಲಿ, ಚಹಾದಂಗಡಿಯ ಬೆಂಚಿನ ಮೇಲಿಂದ ಈ ಘೋಷಣೆ ಹೊರಡಿಸಿದವರು ವಿರೂಪಾಕ್ಷಪ್ಪನವರು. ಪಶುವೈದ್ಯ ಇಲಾಖೆಯ ನಿವೃತ್ತ ಗುಮಾಸ್ತರು, ವಯಸ್ಸು ಅರವತ್ತೇಳು, ಸದ್ಯದ ಹುದ್ದೆ ಓಣಿಯ ಸ್ವಯಂಘೋಷಿತ ಚುನಾವಣಾ ಆಯುಕ್ತರು! ಇಪ್ಪತ್ತೊಂದನೇ ವಯಸ್ಸಿನಿಂದ ಒಂದೇ ಒಂದು ಓಟು ತಪ್ಪಿಸಿದವರಲ್ಲ. ಜ್ವರದಲ್ಲಿ ಹಾಕಿದ್ದಾರೆ, ಮಗನ ನಾಮಕರಣದ ದಿನ ತೊಟ್ಟಿಲು ಬಿಟ್ಟು ಓಡಿಹೋಗಿ ಹಾಕಿಬಂದಿದ್ದಾರೆ. ಮೇಲಾಗಿ, "ಐದು ಎಲೆಕ್ಷನ್ ಮಾಡಿಸಿದವ ನಾನು" ಎಂಬುದು ಅವರ ಬಿರುದು. ಮಾಡಿಸಿದ್ದು ಸುಳ್ಳಲ್ಲ. ಐದೂ ಸಲ ಅವರ ಪಾಲಿಗೆ ಬಂದದ್ದು ಬೆರಳಿಗೆ ಶಾಯಿ ಹಚ್ಚುವ ಕೆಲಸ. ಗುರುತಿನ ದಾಖಲೆ ನೋಡುವವರು ಪಕ್ಕದ ಕುರ್ಚಿಯವರು. ಇವರು ಐದು ಚುನಾವಣೆಗಳಲ್ಲಿ ನೋಡಿದ್ದು ಬರೀ ಬೆರಳು!

ಅಷ್ಟರಲ್ಲಿ ಸೊಪ್ಪಿನ ಬುಟ್ಟಿ ಹೊತ್ತ ಪಾರಮ್ಮ ಬಂದು ನಿಂತಳು. ಅದೇ ಓಣಿಯ ಕೊನೆಯ ಮನೆಯವಳು.

"ನನ್ನ ಓಟಿನ ಕಾರ್ಡು ಇಲಿ ಕಡದು ಪುಡಿ ಮಾಡೈತ್ರಿ. ಓಟು ಹಾಕಾಕ ಬಿಡ್ತಾರೇನ್ರಿ?"

"ಕಾರ್ಡಿಲ್ಲ ಅಂದ್ರ ಓಟಿಲ್ಲ! ರೂಲ್ ಅಂದ್ರ ರೂಲು. ಮನ್ಯಾಗ ಕುಂದ್ರು."

ಪಾರಮ್ಮ ಸಪ್ಪೆ ಮುಖ ಮಾಡಿಕೊಂಡು ಹೋದಳು. ವಿರೂಪಾಕ್ಷಪ್ಪನವರು ಕಾನೂನು ಕಾಪಾಡಿದ ತೃಪ್ತಿಯಿಂದ ಇನ್ನೊಂದು ಚಹಾ ಹೇಳಿದರು.

ಇಂಥದೇ ಪರಾಕ್ರಮವನ್ನು ಅವರು ಹಿಂದಿನ ವಾರ ಐಶ್ವರ್ಯ ಟೀಚರ್ ಮೇಲೂ ತೋರಿಸಿದ್ದರು. ಐಶ್ವರ್ಯ ಮೂಲೆಯ ಸರ್ಕಾರಿ ಶಾಲೆಯ ಶಿಕ್ಷಕಿ, ಆ ಬೂತಿನ ಮತದಾರರ ಪಟ್ಟಿ ನೋಡಿಕೊಳ್ಳುವ ಬಿಎಲ್‌ಒ. ಮನೆಮನೆಗೆ ಮತದಾರರ ಚೀಟಿ ಹಂಚುತ್ತ ಬಂದವಳನ್ನು ಹೊಸ್ತಿಲಲ್ಲೇ ನಿಲ್ಲಿಸಿ, "ಈ ಚೀಟಿ ಒಂದಾ ಗುರುತಿನ ದಾಖಲಿ ಆಗೂದಿಲ್ಲ, ಗೊತ್ತೈತೇನವ್ವ?" ಎಂದು ಕಾಲು ಗಂಟೆ ಪಾಠ ಮಾಡಿ, "ಇನ್ನೇನರ ಡೌಟ್ ಬಂದ್ರ ನಾಚ್ಕಿ ಪಡಬ್ಯಾಡ, ಬಂದು ಕೇಳು" ಎಂದು ಆಶೀರ್ವದಿಸಿ ಕಳಿಸಿದ್ದರು.

ಶನಿವಾರ ಮಧ್ಯಾಹ್ನ, ಮಂಗಳವಾರದ ಅಂಗಿಯ ಜೇಬಿಗೆ ಈಗಲೇ ಕಾರ್ಡು ಸೇರಿಸಿಡೋಣವೆಂದು ಟ್ರಂಕು ತೆರೆದರು. ಕಾರ್ಡಿಲ್ಲ! ಬೀರು ತೆಗೆದರು, ಹಾಸಿಗೆ ಎತ್ತಿದರು, ಜೋಳದ ಡಬ್ಬಿಗೆ ಮೊಣಕೈವರೆಗೆ ಕೈ ಹಾಕಿದರು. ಕಾರ್ಡೊಂದು ಬಿಟ್ಟು ಮೂವತ್ತು ವರ್ಷಗಳಿಂದ ಕಳೆದದ್ದೆಲ್ಲ ಸಿಕ್ಕಿತು.

"ನೀನಾ ಎಲ್ಲೋ ಇಟ್ಟೀ!" ಎಂದು ಹೆಂಡತಿ ಕೊಟ್ರಬಸಮ್ಮನ ಮೇಲೆ ಹರಿಹಾಯ್ದರು.

"ಅದನ್ನ ನಾ ಯಾಕ ಮುಟ್ಟಲಿ? ಆ ಫೋಟೋ ನೋಡಿದ್ರ ಎರಡು ದಿನ ಊಟ ಸೇರೂದಿಲ್ಲ ನಂಗ."

ಆಕೆಯ ಮಾತಿನಲ್ಲಿ ಉತ್ಪ್ರೇಕ್ಷೆ ಕಡಿಮೆ. ಕಾರ್ಡು ಮೊದಲು ಬಂದ ಕಾಲದ ಕಪ್ಪುಬಿಳುಪು ಫೋಟೋ ಅದು. ಅವತ್ತು ವಿರೂಪಾಕ್ಷಪ್ಪನವರಿಗೆ ವಿಪರೀತ ಹಲ್ಲುನೋವು. ಗದ್ದದಿಂದ ತಲೆಯವರೆಗೆ ಟವೆಲು ಸುತ್ತಿಕೊಂಡೇ ಹೋಗಿ ಕೂತಿದ್ದರು. ಕ್ಯಾಮೆರಾ ಮಿಂಚುವ ಹೊತ್ತಿಗೆ ಸರಿಯಾಗಿ ಕಣ್ಣು ಮುಚ್ಚಿದ್ದರು. ದಪ್ಪ ಮೀಸೆ ಬೇರೆ.

"ಆ ಟೀಚರ್‌ನ ಒಂದು ಮಾತು ಕೇಳ್ರಿ" ಎಂದಳು ಕೊಟ್ರಬಸಮ್ಮ.

"ಆಕೀಗೆ ಪಾಠ ಹೇಳಿದವ ನಾನು! ನಾ ಹೋಗಿ ಆಕಿನ್ನ ಕೇಳ್ಲಾ?"

ಕೂತು ತಲೆ ಕೆರೆದುಕೊಂಡಾಗ ನೆನಪಾಯಿತು. ಕಾರ್ಡನ್ನು ಕೊನೆಗೆ ಬಳಸಿದ್ದು ಮೂರು ವರ್ಷದ ಹಿಂದೆ, ಮಗ ಶಶಿಕಾಂತನ ಮದುವೆ ನೋಂದಣಿಗೆ ಸಾಕ್ಷಿ ಹಾಕಲು, ಸೊಸೆ ಅಕ್ಷತಾಳ ಊರು ಸಿರುಗುಪ್ಪದಲ್ಲಿ. ಅಲ್ಲಿ ಝೆರಾಕ್ಸ್ ಮಾಡಿಸಿ, ವಾಪಸು ಬರುವಾಗ ಕುರುಗೋಡಿನಲ್ಲಿ ಸೊಸೆಯ ಸೋದರಮಾವ ದೊಡ್ಡಬಸವರಾಜನ ಮನೆಯಲ್ಲಿ ಉಂಡಿದ್ದರು. ಅಂದಮೇಲೆ ಕಾರ್ಡು ಸಿರುಗುಪ್ಪದಲ್ಲಿರಬೇಕು, ಇಲ್ಲವೇ ಕುರುಗೋಡಿನಲ್ಲಿರಬೇಕು. ರವಿವಾರ ಬೆಳಿಗ್ಗೆಯೇ ಗಂಡಹೆಂಡತಿ ಸಿರುಗುಪ್ಪದ ಬಸ್ಸು ಹತ್ತಿದರು.

ಕಂಡಕ್ಟರು ಕೇಳುತ್ತಲೇ ಕೊಟ್ರಬಸಮ್ಮ ಆಧಾರ್ ಕಾರ್ಡು ತೋರಿಸಿ ಉಚಿತ ಟಿಕೀಟು ಪಡೆದಳು. ಗಂಡ ಚಿಲ್ಲರೆಗಾಗಿ ತಡಕಾಡುವುದನ್ನು ಕಂಡು ಆಕೆಗೆ ಹುರುಪು ಬಂತು.

"ಈ ಆಧಾರ್ ನೋಡಿ ಸರ್ಕಾರ ನನ್ನ ಗುರುತು ಹಿಡದು ಸಿರುಗುಪ್ಪಾತನಕ ಕರ್ಕೊಂಡು ಹೊಂಟೈತಿ. ಇದನ್ನಾ ತೋರಿಸಿದ್ರ ಓಟು ಹಾಕಾಕ ಬಿಡೂದಿಲ್ಲೇನು?"

"ಬಸ್ಸು ಬ್ಯಾರೆ, ಪ್ರಜಾಪ್ರಭುತ್ವ ಬ್ಯಾರೆ! ನಿಂಗ ತಿಳಿಯೂದಿಲ್ಲ, ಸುಮ್ಕಿರು."

ಸಿರುಗುಪ್ಪದ ಝೆರಾಕ್ಸ್ ಅಂಗಡಿಯ ಜಡೆಪ್ಪ ವಿಷಯ ಕೇಳಿ ಸ್ವಲ್ಪವೂ ವಿಚಲಿತನಾಗಲಿಲ್ಲ. ಝೆರಾಕ್ಸ್ ಒಯ್ದು ಅಸಲನ್ನು ಯಂತ್ರದಲ್ಲೇ ಬಿಟ್ಟು ಹೋಗುವವರು ದಿನಕ್ಕೊಬ್ಬರಂತೆ. ಒಂದು ಬಿಸ್ಕತ್ತಿನ ಡಬ್ಬಿ ತಂದು ಕೌಂಟರ್ ಮೇಲೆ ಸುರಿದ. ನಲವತ್ತು ಮಂದಿ ಅನಾಥ ಮತದಾರರು ಹೊರಬಿದ್ದರು!

"ಹುಡುಕ್ಕೊಳ್ರಿ. ಗುರುತು ಏನರ ಐತೇನು?"

"ಕಣ್ಣು ಮುಚ್ಚಿರ್ತಾರ, ಟವಲ್ ಸುತ್ತಿರ್ತಾರ, ಮೀಸಿ ಇರ್ತಾವು" ಎಂದಳು ಕೊಟ್ರಬಸಮ್ಮ.

ಜಡೆಪ್ಪ ಶ್ರದ್ಧೆಯಿಂದ ಹುಡುಕಿ ಒಂದನ್ನು ಎತ್ತಿ ಹಿಡಿದ. "ಇಕಾ, ಇದು ನೀವಾ ನೋಡ್ರಿ!"

ವಿರೂಪಾಕ್ಷಪ್ಪನವರು ಕನ್ನಡಕ ಏರಿಸಿ ನೋಡಿದರು. "ಏ, ಇದು ಹೆಣ್ಮಗಳಪ! ಹುಲುಗಮ್ಮ ಅಂತ ಬರದೈತಿ!"

"ಹೌದೇನ್ರಿ? ಹಳೇ ಕಾರ್ಡಿನ್ಯಾಗ ಎಲ್ಲಾರೂ ಒಂದಾ ನಮೂನಿ ಕಾಣ್ತಾರ ಬಿಡ್ರಿ" ಎಂದು ಜಡೆಪ್ಪ ಹುಲುಗಮ್ಮನನ್ನು ಮತ್ತೆ ಡಬ್ಬಿಗೆ ಹಾಕಿದ.

ಕುರುಗೋಡಿಗೆ ಬಸ್ಸು ಹಿಡಿದರು. ದೊಡ್ಡಬಸವರಾಜ ನಡುಮನೆಯಲ್ಲಿ ಕೂರಿಸಿ ಮಜ್ಜಿಗೆ ಕೊಟ್ಟ. ಮಜ್ಜಿಗೆ ನೋಡಿದೊಡನೆ ವಿರೂಪಾಕ್ಷಪ್ಪನವರಿಗೆ ಇನ್ನೊಂದು ನೆನಪು ಮಿಂಚಿತು. ಅವತ್ತು ಊಟದಲ್ಲಿ ಅಂಗಿಯ ಮೇಲೆ ಸಾರು ಚೆಲ್ಲಿತ್ತು. ಇವನ ಅಂಗಿ ತೊಟ್ಟು ಹೋಗಿದ್ದರು, ತಮ್ಮದನ್ನು ಇಲ್ಲೇ ಬಿಟ್ಟಿದ್ದರು.

"ನನ್ನ ನೀಲಿ ಗೆರೀ ಅಂಗಿ ಎಲ್ಲೈತಪ?"

ದೊಡ್ಡಬಸವರಾಜ ಮುಖ ಹುಳ್ಳಗೆ ಮಾಡಿಕೊಂಡ. "ಐತ್ರಿ. ಸಿಟ್ಟಾಗಬ್ಯಾಡ್ರಿ ಮತ್ತ. ಹೊಲದಾಗ ಐತಿ."

ಹೊಲಕ್ಕೆ ಹೋದರು. ಜೋಳದ ನಡುವೆ ಬೆದರುಗೊಂಬೆಯೊಂದು ನೀಲಿ ಗೆರೆಯ ಅಂಗಿ ತೊಟ್ಟು, ಎರಡೂ ಕೈ ಚಾಚಿ, ತಲೆಗೆ ಮಡಿಕೆ ಹೊತ್ತು ನಿಂತಿತ್ತು. ಇಲಾಖೆಯಲ್ಲಿ ಮೂವತ್ತಾರು ವರ್ಷ ದುಡಿದಾಗಲೂ ಅವರ ಯಾವ ಅಂಗಿಗೂ ಇಷ್ಟು ಗತ್ತು ಬಂದಿರಲಿಲ್ಲ. ಒಂದೂ ಹಕ್ಕಿ ಹತ್ತಿರ ಸುಳಿದಿರಲಿಲ್ಲ.

"ಭಾರಿ ಗುಣದ ಅಂಗಿ ನೋಡ್ರಿ ಬೀಗರ. ಇದನ್ನ ಹಾಕಿದ ಮ್ಯಾಲೆ ಗಿಳಿ ಬರೂದಾ ಬಿಟ್ಟಾವು!"

ವಿರೂಪಾಕ್ಷಪ್ಪನವರು ನೇರ ಹೋಗಿ ಬೆದರುಗೊಂಬೆಯ ಜೇಬಿಗೆ ಕೈ ಹಾಕಿದರು. ಬದುವಿನ ಮೇಲೆ ಹೋಗುತ್ತಿದ್ದ ನಾಲ್ಕು ಹೆಂಗಸರು ನಿಂತು ನೋಡಿದರು. ಜೇಬಿನಲ್ಲಿ ಸಿಕ್ಕಿದ್ದು ಒಂದು ಹಳೆಯ ಬಸ್ ಟಿಕೀಟು, ಒಂದು ಅಡಿಕೆ ಚೂರು ಮತ್ತು ಬಹಳಷ್ಟು ಇರುವೆ! ಕಚ್ಚಿಸಿಕೊಂಡ ಬೆರಳನ್ನು ನೋಡಿದರು. ಮಂಗಳವಾರ ಶಾಯಿ ಬೀಳಬೇಕಾದ ಬೆರಳೇ ಅದು. ಅವರಿಗೆ ನಿಜವಾಗಿಯೂ ಅಳು ಬಂದಂತಾಯಿತು.

ಸಂಜೆ ಬಳ್ಳಾರಿಗೆ ಬಂದು, ಹೊಸ ಕಾರ್ಡಾದರೂ ಮಾಡಿಸೋಣವೆಂದು, ಅದಕ್ಕೆ ಬೇಕಾದ ಕಳೆದ ದೂರು ಕೊಡಲು ಪೊಲೀಸ್ ಠಾಣೆಗೆ ಹೋದರು. ಪೇದೆ ಪಾಲಯ್ಯ ಕಾಗದ ತೆಗೆದು ಕೇಳಿದ.

"ಎಲ್ಲಿ ಕಳೀತ್ರೀ?"

"ಎಲ್ಲಿ ಅಂತ ಗೊತ್ತಿದ್ರ ಅದು ಕಳದಂಗ ಹೆಂಗಾತಪ?"

"ಸಿರುಗುಪ್ಪಾ ಕುರುಗೋಡು ನಡುವ ಎಲ್ಲೋ ಅಂತ ಬರ್ಕೊಳ್ರಿ" ಎಂದು ಕೊಟ್ರಬಸಮ್ಮ ಐವತ್ತು ಹಳ್ಳಿಗಳ ಮೇಲೆ ಸಂಶಯ ಹೊರಿಸಿದಳು.

"ನಿಮ್ಮ ಗುರುತಿಗೆ ಏನೈತ್ರೀ?"

ವಿರೂಪಾಕ್ಷಪ್ಪನವರು ಜೇಬಿನಿಂದ ಆಧಾರ್ ತೆಗೆದು ಕೊಟ್ಟರು. ಪಾಲಯ್ಯ ಮುಖ ನೋಡಿದ, ಕಾರ್ಡು ನೋಡಿದ, ಸರಿ ಎಂದು ದೂರು ಬರೆದುಕೊಂಡು ಪ್ರತಿ ಕೊಟ್ಟ. "ಮುಂದಿಂದು ನಮ್ಮ ಕೆಲಸಲ್ರಿ. ನಿಮ್ಮ ಬಿಎಲ್‌ಒ ಟೀಚರ್‌ನ ಕೇಳ್ರಿ."

ಮತ್ತೆ ಅದೇ ಟೀಚರ್! ರವಿವಾರ ಅವರು ಊಟ ಮಾಡಲಿಲ್ಲ. ಮೊದಲ ಓಟಿನ ಮಾತು ಹಾಳಾಗಿಹೋಗಲಿ, ಕೊನೆಯ ಓಟಾದರೂ ಸಿಕ್ಕರೆ ಸಾಕಿತ್ತು. ಓಟು ಹಾಕದ ವಿರೂಪಾಕ್ಷಪ್ಪನನ್ನು ಅವರಿಗೆ ಕಲ್ಪಿಸಿಕೊಳ್ಳಲೂ ಆಗಲಿಲ್ಲ. ಅದಕ್ಕಿಂತ ಹೆಚ್ಚಾಗಿ, ಬುಟ್ಟಿ ಹೊತ್ತು ಸಪ್ಪಗೆ ಹೋದ ಪಾರಮ್ಮನ ಮುಖ ಮತ್ತೆ ಮತ್ತೆ ಕಣ್ಣ ಮುಂದೆ ಬಂತು. ತನಗೀಗ ಆಗುತ್ತಿರುವುದು ಅವಳಿಗೂ ಆಗಿರಬೇಕಲ್ಲ ಎನಿಸಿ ನಾಚಿಕೆಯಾಯಿತು.

ಸೋಮವಾರ ಶಾಲೆಯಲ್ಲಿ ಬೂತಿನ ಮೇಜು ಕುರ್ಚಿ ಜೋಡಿಸುತ್ತಿದ್ದರು. ಐಶ್ವರ್ಯ ಪಟ್ಟಿ ಹಿಡಿದು ನಿಂತಿದ್ದಳು. ವಿರೂಪಾಕ್ಷಪ್ಪನವರು ಎರಡು ಸಲ ಕೆಮ್ಮಿದರು.

"ಏನಿಲ್ಲವ್ವ, ನಮ್ಮ ಗೆಳೆಯಾ ಒಬ್ಬ ಕಾರ್ಡು ಕಳ್ಕೊಂಡಾನ. ದಡ್ಡ. ಅವನ ಗತಿ ಏನು?"

"ಅವರ ಹೆಸರು ಪಟ್ಟಿಯಾಗ ಐತೇನ್ರಿ ಸರ್?"

"ಐತಿ. ಕ್ರಮಸಂಖ್ಯೆ ಮುನ್ನೂರಾ ಹನ್ನೆರಡು."

ಐಶ್ವರ್ಯ ಪಟ್ಟಿ ನೋಡಿದಳು, ಅವರ ಮುಖ ನೋಡಿದಳು, ನಗು ನುಂಗಿಕೊಂಡಳು. "ಮುನ್ನೂರಾ ಹನ್ನೆರಡು ನೀವಾ ಅಲ್ರೀ ಸರ್?"

ವಿರೂಪಾಕ್ಷಪ್ಪನವರು ಶಾಲೆಯ ಸೂರು ನೋಡತೊಡಗಿದರು.

"ನೋಡ್ರಿ ಸರ್, ಇಲ್ಲಿ ತೀರಿಕೊಂಡವರ ಹೆಸರಿನ ಮ್ಯಾಲೆ ಡಿಲೀಟ್ ಅಂತ ಮುದ್ರಿ ಬಿದ್ದೈತಿ. ನಿಮ್ಮ ಹೆಸರಿನ ಮ್ಯಾಲೆ ಏನೂ ಇಲ್ಲ, ಚಂದಾಗಿ ಅದೀರಿ. ಹೆಸರಿದ್ರ ಸಾಕು. ಕಾರ್ಡಿಲ್ಲ ಅಂದ್ರ ಆಧಾರ್ ತರ್ರಿ. ಪ್ಯಾನ್ ಕಾರ್ಡು, ಡ್ರೈವಿಂಗ್ ಲೈಸೆನ್ಸು, ಫೋಟೋ ಇರೋ ಪಿಂಚಣಿ ಪುಸ್ತಕ, ಬ್ಯಾಂಕಿನ ಪಾಸ್‌ಬುಕ್ಕು, ಉದ್ಯೋಗ ಖಾತ್ರಿ ಕಾರ್ಡು, ಯಾವುದಾದ್ರೂ ನಡೀತೈತಿ. ನಾ ಕೊಟ್ಟ ಚೀಟಿ ಒಂದಾ ಸಾಲೂದಿಲ್ಲ. ಅದನ್ನ ಅವತ್ತು ನೀವು ಸರಿಯಾಗಾ ಹೇಳಿದ್ರಿ."

"ಆಧಾರ್ ನಡೀತೈತಾ?"

"ನಡೀತೈತ್ರಿ. ಹೊಸ ಕಾರ್ಡಿಗೆ ಇಕಾ, ಈ ಫಾರಂ ಎಂಟು ತುಂಬ್ರಿ. ದೂರಿನ ಪ್ರತಿ ಹಚ್ಚಿಕೊಡ್ರಿ, ಎಲೆಕ್ಷನ್ ಮುಗದ ಮ್ಯಾಲೆ ಮನಿಗೇ ಬರ್ತೈತಿ. ನಿಮ್ಮ ಗೆಳೆಯಾಗೂ ಹೇಳ್ರಿ!"

ಎದೆಯ ಮೇಲಿನ ಬಂಡೆ ಇಳಿದಂತಾಗಿ ವಿರೂಪಾಕ್ಷಪ್ಪನವರು ಅಲ್ಲೇ ಒಂದು ಕುರ್ಚಿಯ ಮೇಲೆ ಕುಸಿದು ಕೂತರು. ಎರಡು ದಿನ ಆ ಆಧಾರ್ ಅವರ ಜೇಬಿನಲ್ಲೇ ಇತ್ತು! ಮರುಕ್ಷಣ ಎದ್ದು, ಫಾರಂ ಅಲ್ಲೇ ಬಿಟ್ಟು, ಓಣಿಯ ಕೊನೆಗೆ ಓಡಿದರು.

"ಪಾರಮ್ಮಾ! ನಾ ಅವತ್ತು ಹೇಳಿದ್ದು ತಪ್ಪವ್ವ. ಪಾಸ್‌ಬುಕ್ ತೋರಿಸಿ ಓಟು ಹಾಕಬಹುದು!"

ಪಾರಮ್ಮ ಸೊಪ್ಪಿಗೆ ನೀರು ಚಿಮುಕಿಸುತ್ತಿದ್ದಳು. "ಗೊತ್ತೈತ್ರಿ. ಅವತ್ತಾ ಸಂಜೀಗೆ ಟೀಚರಮ್ಮನ್ನ ಕೇಳ್ಕೊಂಡು ಬಂದೆ. ನೀವು ಅಷ್ಟು ಜೋರು ಮಾಡಿ ಹೇಳಿದ್ರಲ್ಲ, ಅದಕಾ ಡೌಟ್ ಬಂತು."

ಆ ರಾತ್ರಿ ಟೀಚರ್ ಹೇಳಿದ್ದನ್ನೆಲ್ಲ, ಡಿಲೀಟ್ ಮುದ್ರೆಯ ಸಮೇತ, ಹೆಂಡತಿಗೆ ಒಪ್ಪಿಸಿದ ವಿರೂಪಾಕ್ಷಪ್ಪನವರು ಮಂಗಳವಾರ ಐದೂವರೆಗೇ ಬೂತಿಗೆ ಹೋದರು. ಬಾಗಿಲ ಮುಂದೆ ಒಬ್ಬರು ಆಗಲೇ ನಿಂತಿದ್ದರು. ಪಾಸ್‌ಬುಕ್ಕನ್ನು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿ ಎದೆಗವಚಿಕೊಂಡ ಪಾರಮ್ಮ!

"ಬರ್ರಿ, ನನ್ನ ಹಿಂದ ನಿಂದ್ರಿ" ಎಂದಳು.

ನಿಂತರು. ಏಳೂ ಒಂದಕ್ಕೆ ಪಾರಮ್ಮನ ಓಟು ಬಿತ್ತು, ಏಳೂ ಮೂರಕ್ಕೆ ಇವರದು. ಆಧಾರ್ ನೋಡಿದವರು ಒಂದು ಪ್ರಶ್ನೆಯನ್ನೂ ಕೇಳಲಿಲ್ಲ. ಬೆರಳಿಗೆ ಬಿದ್ದ ಶಾಯಿಯನ್ನು ನೋಡಿ ಅವರು ಮಗುವಿನಂತೆ ನಕ್ಕರು. ಎರಡನೆಯ ಓಟಾದರೇನು, ಓಟು ಓಟೇ!

ಮನೆಗೆ ಬಂದವರೇ ಕೈಮುಗಿಯಲು ಗೋಡೆಯೊಳಗಿನ ದೇವರ ಗೂಡಿನ, ಅಂದರೆ ಮಾಡದ, ಮುಂದೆ ನಿಂತರು. ದಿನವೂ ಸ್ನಾನ ಮುಗಿಸಿ ಕನ್ನಡಕವಿಲ್ಲದೆ ಕೈಮುಗಿಯುವ ರೂಢಿ. ಇವತ್ತು ಕನ್ನಡಕ ಮೂಗಿನ ಮೇಲಿತ್ತು. ಗಣಪತಿಯ ಪಕ್ಕದಲ್ಲಿ, ಪುಟ್ಟ ಕಟ್ಟಿನೊಳಗೆ, ಹಣೆಗೆ ವಿಭೂತಿ ಬಳಿಸಿಕೊಂಡು, ದಾಸವಾಳ ಮುಡಿದು, ಕಣ್ಣು ಮುಚ್ಚಿದ ಟವೆಲಿನ ಮಹಾಪುರುಷರೊಬ್ಬರು ವಿರಾಜಮಾನರಾಗಿದ್ದರು.

"ಅಕ್ಷತಾ! ಇದ್ಯಾರವ್ವ?"

ಸೊಸೆ ಸೆರಗಿಗೆ ಕೈ ಒರೆಸಿಕೊಳ್ಳುತ್ತ ಬಂದಳು. "ನಿಮ್ಮ ಅಜ್ಜಾರಲ್ಲೇನ್ರಿ ಮಾವಾರ? ಮದುವಿ ಆಗಿ ಬಂದ ಹೊಸದಾಗಿ ಮಾಡ ತೊಳಿಯೂ ಮುಂದ ಗಣಪ್ಪನ ಫೋಟೋದ ಹಿಂದ ಬಿದ್ದಿದ್ರು. ಅಕ್ಷರ ಎಲ್ಲಾ ದೀಪದ ಹೊಗೀಗೆ ಮಾಸಿ ಹೋಗಿದ್ವು. ಹಿರಿಯರು ಹಿಂಗ ಧೂಳಾಗ ಇರಬಾರದು ಅಂತ ಕಟ್ಟು ಹಾಕ್ಸಿದೆ. ಹೊಸ ಸೊಸಿ, ಮನಿ ಹಿರಿಯರ ಗುರುತಿಲ್ಲ ಅನ್ಸಿಕೊಳ್ಳೂದು ಬ್ಯಾಡ ಅಂತ ಕೇಳಲಿಲ್ರಿ."

ಆಗ ನೆನಪಾಯಿತು. ಕುರುಗೋಡಿನಿಂದ ಬಂದ ಸಂಜೆ, 'ಇಲ್ಲಾದರೆ ಭದ್ರ' ಎಂದು ಗಣಪತಿಯ ಹಿಂದೆ ಸಿಕ್ಕಿಸಿದ್ದು ಅವರದೇ ಕೈ!

"ನಿನಗರ ಗೊತ್ತಾಗಲಿಲ್ಲೇನು?" ಎಂದು ಹೆಂಡತಿಯನ್ನು ಕೇಳಿದರು.

"ಆಕೀ ತವರಿನ ಹಿರಿಯರು ಅನ್ಕೊಂಡಿದ್ನಿ. ಬೀಗರ ಹಿರಿಯರ ಮಾರಿ ದಿಟ್ಟಿಸಿ ನೋಡಿದ್ರ ಚಂದ ಕಾಣ್ತೈತೇನು?"

"ಮಾನಮಿ ಅಮಾಸಿಗೆ ತೀರಿಕೊಂಡ ಹಿರಿಯರಿಗಂತ ಹೋಳಿಗಿ ಎಡಿನೂ ಇಟ್ಟೀವ್ರಿ" ಎಂದಳು ಅಕ್ಷತಾ ಮೆಲ್ಲಗೆ. "ನೀವೂ ಪಂಜಿ ಉಟ್ಟು ಅಡ್ಡ ಬಿದ್ರಿ. ಮನಿ ಕಾಪಾಡಪ್ಪಾ ಅಂತ ಬೇಡ್ಕೊಂಡ್ರಿ."

ವಿರೂಪಾಕ್ಷಪ್ಪನವರು ಶಾಯಿಯ ಬೆರಳಿನಿಂದ ತಮ್ಮದೇ ಫೋಟೋದ ಹಣೆಯ ವಿಭೂತಿ ಒರೆಸತೊಡಗಿದರು. ಕೊಟ್ರಬಸಮ್ಮ ಸೆರಗು ಬಾಯಿಗಿಟ್ಟುಕೊಂಡು ನಕ್ಕು ನಕ್ಕು ಗೋಡೆಗೆ ಆತುಕೊಂಡಳು.

"ಪಟ್ಟಿಯಾಗ ಇನ್ನೂ ಇದ್ದೀನಿ ಅಂತ ಆ ಟೀಚರ್‌ಗೆ ಕೈ ಮುಗದು ಬರ್ರಿ! ನಮ್ಮನಿ ಪಟ್ಟಿಯಾಗ ನೀವು ಡಿಲೀಟ್ ಆಗಿ ಮೂರು ವರ್ಷ ಆತು!"