ರಾಯರ ಊರಿನ ಜನಸಂಖ್ಯೆ

ಎರಡು ಸಾವಿರದ ಹನ್ನೊಂದರ ಜನಗಣತಿಯಲ್ಲಿ ಭಾರತದ ಜನಸಂಖ್ಯೆಗೆ ಒಬ್ಬರು ಕಡಿಮೆ ಬಿದ್ದಿದ್ದಾರೆ. ಸರಕಾರಕ್ಕೆ ಇದು ಗೊತ್ತಿಲ್ಲ, ನನಗೆ ಗೊತ್ತಿದೆ. ತಪ್ಪಿಹೋದ ಆ ಪ್ರಜೆ ಡೊಂಬಿವಲಿಯಲ್ಲಿ ನಮ್ಮ ಎದುರು ಬಾಗಿಲಿನಲ್ಲೇ ವಾಸವಾಗಿದ್ದರು!

ರಾಯರು ಎನ್ನೋಣ. ಠಾಣೆಯ ಒಂದು ಕಂಪನಿಯಲ್ಲಿ ಗುಮಾಸ್ತರು. ನಾನು ಉಡುಪಿ ಕಡೆಯವನು, ಅವರು ಧಾರವಾಡದಾಚೆಯವರು. ಮೊದಲ ಪರಿಚಯದಲ್ಲಿ, "ಊರಲ್ಲಿ ಎಷ್ಟು ಜನ?" ಎಂದು ಉಪಚಾರಕ್ಕೆ ಕೇಳಿದ್ದೆ. ರಾಯರು ಎದೆಯುಬ್ಬಿಸಿ, "ಹನ್ನೊಂದು!" ಎಂದರು. ದೊಡ್ಡ ಕುಟುಂಬ ಮಾರಾಯ್ರೆ, ಎಂದು ಮೆಚ್ಚಿಕೊಂಡೆ. ಅದು ಇಡೀ ಊರಿನ ಜನಸಂಖ್ಯೆ ಎಂದು ತಿಳಿಯಲು ನನಗೆ ಒಂದು ತಿಂಗಳು ಹಿಡಿಯಿತು.

ಒಂದು ಕಾಲಕ್ಕೆ ಅಲ್ಲಿ ನಲವತ್ತು ಮನೆಗಳಿದ್ದವಂತೆ. ಶಾಲೆ, ಬಸ್ಸು, ನಲ್ಲಿ ಎಲ್ಲವೂ ಹಳ್ಳದಾಚೆಯ ದೊಡ್ಡ ಊರಿಗೇ ಬಂದದ್ದರಿಂದ ಜನರೂ ಅತ್ತಲೇ ಸರಿದರು. ಉಳಿದದ್ದು ಮೂರು ಮನೆ.

"ಆದ್ರೂ ನಮ್ದು ಸ್ವತಂತ್ರ ಕಂದಾಯ ಗ್ರಾಮ ರೀ! ನಕಾಶೆ ಅದ, ಗಡಿಕಲ್ಲು ಅವ. ಆದ್ರ ಕಡೀ ಮನುಷ್ಯಾ ಎದ್ದು ಹೋದ ಅಂದ್ರ ಕಾಗದದೊಳಗ ಒಂದು ಶಬ್ದ ಬರದುಬಿಡ್ತಾರ. ಬೇಚರಾಕ್."

ಚಿರಾಗ್, ಎಂದರೆ ದೀಪ, ಇಲ್ಲದ್ದು; ಊರುಂಟು, ದೀಪ ಹಚ್ಚುವವರಿಲ್ಲ. ದೊಡ್ಡ ರೋಗಗಳ ಹೆಸರನ್ನು ನಾವು ಹೇಳುವಂತೆ, ರಾಯರು ಆ ಶಬ್ದವನ್ನು ದನಿ ತಗ್ಗಿಸಿ ಹೇಳುತ್ತಿದ್ದರು.

ಅಡುಗೆಮನೆಯ ಬಾಗಿಲ ಹಿಂದೆ ಪೆನ್ಸಿಲಿನಲ್ಲಿ ಊರಿನ ಅಂಕಿ ಸದಾ ಸಿದ್ಧ. ಅಲ್ಲೊಂದು ಕೂಸು ಹುಟ್ಟಿದರೆ ಇಲ್ಲಿ ನಮಗೆಲ್ಲ ಠಾಣೆಯ ನೌಪಾಡಾದ ಪೇಢೆ. ಅಲ್ಲಿಯ ಹುಡುಗಿಯೊಬ್ಬಳ ಮದುವೆಗೆ ಹೋದವರು ಹೆತ್ತವ್ವನಿಗಿಂತ ಹೆಚ್ಚು ಅತ್ತರಂತೆ. "ಒಂದು ಕಮ್ಮಿ ಆತಲ್ರೀ!" ಮಂಟಪದಲ್ಲೇ ವರನನ್ನು ಮನೆ ಅಳಿಯನಾಗುವಂತೆ ಕೇಳಿಕೊಂಡದ್ದೂ ಉಂಟು. ಹುಡುಗಿಯ ಅಪ್ಪನನ್ನು ಮಾತ್ರ ಕೇಳಿರಲಿಲ್ಲ!

ಅವರ ಹೆಂಡತಿ ಹುಟ್ಟಿ ಬೆಳೆದದ್ದು ಇಲ್ಲೇ ಕಲ್ಯಾಣದ ಪಕ್ಕದ ವಿಠ್ಠಲವಾಡಿಯಲ್ಲಿ. ಆ ಊರನ್ನು ಕಂಡದ್ದು ಎರಡೇ ಸಲ. "ಅಲ್ಲಿ ಮನುಷ್ಯರಿಗಿಂತ ಎಮ್ಮಿನ ಜಾಸ್ತಿ. ಅಹೋ, ಅವನ್ನೂ ಲೆಕ್ಕಕ್ಕ ಹಿಡೀರಲ್ಲ!" ಎಂದು ಚುಚ್ಚುವರು. ಆಮೇಲೆ, "ನಾ ಯಾವ ಊರಿನ ಲೆಕ್ಕದಾಗ ಇದ್ದೀನಿ?" ಎಂದು ಕೇಳುವರು. ರಾಯರು ಪೇಪರಿನ ಹಾಳೆ ಮಗುಚುವರು.

ಜನಗಣತಿ ಬಂತು. ಮರಾಠಿ ಶಾಲೆಯ ಟೀಚರೊಬ್ಬರು, ಇಲ್ಲಿಯವರ ಬಾಯಲ್ಲಿ 'ಬಾಯಿ', ಬಂದು ಅರ್ಜಿ ಬಿಡಿಸಿದರು. ರಾಯರು ತಾವೇ ಚಹಾ ಮಾಡಿ ಕೊಟ್ಟು, ಎದುರು ಕೂತು, ಗಂಭೀರವಾಗಿ ಹೇಳಿದರು: ನಾನು ಇಲ್ಲಿ ಇಲ್ಲ.

"ಕಾಕಾ, ತುಮ್ಹೀ ತರ್ ಸಮೋರ್ ಬಸ್ಲಾತ್!"

ಎದುರಿಗೆ ಕೂತದ್ದು ಖರೆ, ಆದರೆ ಇರುವುದು ಊರಿನಲ್ಲಿ ಎಂದರು ರಾಯರು. ಬಾಯಿ ಹೆಂಡತಿಯೊಬ್ಬರನ್ನೇ ಬರೆದುಕೊಂಡರು. ಮಾಹಿತಿ ಕೊಟ್ಟವರು ಯಾರೆಂದು ಬರೆಯುವುದೋ ತಿಳಿಯದೆ ಪೆನ್ನು ಕಚ್ಚಿದರು.

ಮರುದಿನವೇ ರಾಯರು ರಜೆ ಹಾಕಿ ಊರಿಗೆ ಹೊರಟರು. ಅಲ್ಲಿಯ ಗಣತಿ ಮಾಸ್ತರರು ಒಂದೇ ಪ್ರಶ್ನೆ ಕೇಳಿದರು. "ಆರು ತಿಂಗಳದಿಂದ ಎಲ್ಲಿದ್ರಿ?" ಗುಮಾಸ್ತರಾಗಿ ಮೂವತ್ತು ವರ್ಷ ಕಳೆದ ಮನುಷ್ಯ ಸರಕಾರಿ ಕಾಗದದ ಮೇಲೆ ಸುಳ್ಳು ಹೇಳುವುದುಂಟೆ? "ಡೊಂಬಿವಲಿ," ಎಂದುಬಿಟ್ಟರು. ಮಾಸ್ತರರು ಹೆಸರು ಹೊಡೆದುಹಾಕಿದರು. ದೇಶದಲ್ಲಿ ಎಲ್ಲಿಯೂ ಇಲ್ಲದ ರಾಯರು ಕಲ್ಯಾಣದಲ್ಲಿ ಇಳಿದು, ಲೋಕಲ್ ಹಿಡಿದು ಮನೆಗೆ ಬಂದರು.

ಆಮೇಲೆ ಬಾಗಿಲ ಹಿಂದಿನ ಅಂಕಿ ಇಳಿಯುತ್ತಲೇ ಹೋಯಿತು. ಒಂಬತ್ತು, ಆರು, ನಾಲ್ಕು. ರಾಯರಿಗೆ ನಿವೃತ್ತಿಯೂ ಆಯಿತು. ಒಂದು ಭಾನುವಾರ ಬೆಳಿಗ್ಗೆ ನಾನು ಅವರಲ್ಲಿ ಚಹಾ ಕುಡಿಯುತ್ತಿದ್ದಾಗ ಫೋನು ಬಂತು. ಕೊನೆಯ ಮನೆಯವರೂ ಹಳ್ಳ ದಾಟಿದ್ದರು. ರಾಯರು ಎದ್ದು ಹೋಗಿ ಅಂಕಿ ಅಳಿಸಿ, ದುಂಡಗೆ ಒಂದು ಸೊನ್ನೆ ಬರೆದರು.

ಸ್ವಲ್ಪ ಹೊತ್ತಿನ ಮೇಲೆ ಸೊನ್ನೆ ಅಳಿಸಿ "೧" ಎಂದು ಬರೆದು, ಹೆಂಡತಿಯ ಕಡೆ ತಿರುಗದೆಯೇ ಹೇಳಿದರು: "ನಾ ಹೋಗಿ ಇರ್ತೀನಿ. ನಿನಗ ಅಲ್ಲಿ ಒಗ್ಗೂದಿಲ್ಲ. ನೀ ಇಲ್ಲೇ ಇರು."

ಆಕೆ ಕೈ ಒರೆಸಿಕೊಳ್ಳುತ್ತ ಬಂದು ಬಾಗಿಲನ್ನು ದಿಟ್ಟಿಸಿದರು.

"ಅಹೋ, ಇಷ್ಟು ವರ್ಷ ಗುಮಾಸ್ತಿಕಿ ಮಾಡೀರಿ, ಎಣಸಲಿಕ್ಕ ಬರೂದಿಲ್ಲೇನು? ಎರಡು ಅಂತ ಬರೀರಿ."

ರಾಯರು ತಿದ್ದಲು ಹೋದರು. ಒಂದನ್ನು ಅಳಿಸಿ ಮತ್ತೆ ಒಂದನ್ನೇ ಬರೆದರು. ಕೊನೆಗೆ ಆಕೆಯೇ ಅವರ ಕೈ ಹಿಡಿದು ಬರೆಸಿದರು.